ಒಟಿಪಿ ಬರಬೇಕಾದ ನಂಬರೇ ಇಲ್ಲದಿದ್ದರೆ?

ನಿಮ್ಮ ಲೇಖನದಲ್ಲಿ, ಆಧಾರ್ ಕಳೆದರೆ ಮನೆಯಲ್ಲೇ ಕೂತು ಐದು ನಿಮಿಷದಲ್ಲಿ ಮತ್ತೆ ಪಡೆಯಬಹುದು ಅಂತ ಬರೆದಿದ್ದೀರಿ. ಮೊಬೈಲ್ ನಂಬರ್ ಜೋಡಣೆ ಆಗಿರುವವರಿಗೆ ಮಾತ್ರ ಅದು ನಿಜ. ನಮ್ಮ ಅಮ್ಮನ ಆಧಾರ್‌ಗೆ ಕೊಟ್ಟಿದ್ದು ತೀರಿಕೊಂಡ ಅಪ್ಪನ ನಂಬರ್, ಆ ಸಿಮ್ ಬಂದ್ ಆಗಿ ಎಷ್ಟೋ ವರ್ಷ ಆಯಿತು, ಒಟಿಪಿ ಎಲ್ಲಿಗೆ ಬರಬೇಕು ಹೇಳಿ?

ಸಂತೆಯಲ್ಲಿ ಚೀಲ ಕಳೆದು ಆಧಾರ್, ಮತದಾರರ ಚೀಟಿ ಎರಡೂ ಹೋದವು. ಬಸ್ಸಿನಲ್ಲಿ ತೋರಿಸಲು ಏನೂ ಇಲ್ಲದೆ ಶಕ್ತಿ ಯೋಜನೆಯ ಉಚಿತ ಟಿಕೆಟ್ ಕೂಡ ಸಿಗಲಿಲ್ಲ, ಜೊತೆಗಿದ್ದ ಚಿಕ್ಕಮ್ಮ ದುಡ್ಡು ಕೊಟ್ಟರು. ನಂಬರ್ ಬದಲಿಸಲು ಮೊದಲು ಹೋದ ಆಧಾರ್ ಕೇಂದ್ರದಲ್ಲಿ ಫೋಟೋ ಇರುವ ಬೇರೆ ಗುರುತಿನ ಚೀಟಿ ತನ್ನಿ ಅಂತ ವಾಪಸ್ ಕಳಿಸಿದರು. ಆಧಾರ್ ಆಗಲೇ ಇರುವವರಿಗೆ ಬೆರಳು, ಕಣ್ಣೇ ಗುರುತು ಅಲ್ವಾ? ಮೊಬೈಲ್ ನಂಬರ್ ಬದಲಿಸಲು ಯಾವ ದಾಖಲೆಯೂ ಬೇಡ. ಪುಣ್ಯಕ್ಕೆ ಆಧಾರ್ ನಂಬರ್ ನನ್ನ ಹಳೆ ಡೈರಿಯಲ್ಲಿತ್ತು, ಇನ್ನೊಂದು ಕೇಂದ್ರಕ್ಕೆ ಹೋದೆವು. ಅಡಿಕೆ ಸುಲಿದು ಸುಲಿದು ಅಮ್ಮನ ಬೆರಳಿನ ಗೆರೆ ಸವೆದಿದೆ. ಅಲ್ಲಿದ್ದ ಹುಡುಗಿ ಒದ್ದೆ ಬಟ್ಟೆಯಲ್ಲಿ ಒಂದೊಂದೇ ಬೆರಳು ಒರೆಸಿ ನಾಲ್ಕು ಸಲ ಒತ್ತಿಸಿದಳು, ಬರಲಿಲ್ಲ. ಕೊನೆಗೆ ಕಣ್ಣಿನ ಸ್ಕ್ಯಾನ್ ಹಿಡಿಯಿತು. ಹೊಸ ನಂಬರ್ ಜೋಡಣೆ ಆದ ಮೇಲೆ ಕಾರ್ಡ್ ತೆಗೆಯುವುದು ನಿಜಕ್ಕೂ ಐದು ನಿಮಿಷದ ಕೆಲಸ.

ಇದನ್ನು ಲೇಖನದಲ್ಲಿ ದಯವಿಟ್ಟು ಸೇರಿಸಿ. ಆಧಾರ್ ಸಹಾಯವಾಣಿ 1947ಕ್ಕೆ ಕರೆ ಮಾಡಿದರೆ ಕನ್ನಡದಲ್ಲೇ ಮಾತಾಡುತ್ತಾರೆ ಅನ್ನುವುದನ್ನೂ ಬರೆಯಿರಿ. ಹಳ್ಳಿಯಲ್ಲಿ ಒಬ್ಬರೇ ಇರುವ ವಯಸ್ಸಾದವರಿಗೆ ಇದೇ ಜಾಸ್ತಿ ಬೇಕಾಗಿರುವುದು.