ಬಾಯಿ ಬಿಡಿಸುವ ನೀರು: ಪರ – ವಿರೋಧ

ಪ್ರಶ್ನೆ: ಹಲವರ ಜೀವ ಪಣಕ್ಕಿರುವಾಗ, ಆರೋಪಿಯ ಬಾಯಿ ಬಿಡಿಸಲು, ಮುಖಕ್ಕೆ ಬಟ್ಟೆ ಹಾಕಿ ನೀರು ಸುರಿದು ಉಸಿರುಗಟ್ಟಿಸುವ ನೀರಿನ ಹಿಂಸೆಯಂಥ (ವಾಟರ್‌ಬೋರ್ಡಿಂಗ್) ಕ್ರಮಕ್ಕೆ ಕಾನೂನಿನಲ್ಲಿ ಒಂದು ವಿನಾಯಿತಿಯಾದರೂ ಇರಬೇಕೇ? ಬೇಕು ಎನ್ನುವವರು ಮಂಗಳೂರಿನ ಒಬ್ಬ ನಿವೃತ್ತ ಪೊಲೀಸ್ ಅಧಿಕಾರಿ. ಬೇಡ ಎನ್ನುವವರು ಉಡುಪಿಯ ಒಬ್ಬ ಕ್ರಿಮಿನಲ್ ವಕೀಲೆ.

ಪರ: ಒಂದು ಬಾಗಿಲು ಇರಲಿ, ಅದಕ್ಕೆ ಬೀಗವೂ ಇರಲಿ

2022ರ ನವೆಂಬರ್ 19ರ ಸಂಜೆ ಕಂಕನಾಡಿ ಸಮೀಪದ ನಾಗುರಿಯಲ್ಲಿ ಆಟೋದೊಳಗೆ ಕುಕ್ಕರ್ ಬಾಂಬ್ ಸಿಡಿಯಿತು. ಚಾಲಕನಿಗೂ ಪ್ರಯಾಣಿಕನಿಗೂ ಗಾಯವಾಯಿತು. ಆ ಪ್ರಯಾಣಿಕನೇ ಆರೋಪಿ. ಸುದ್ದಿ ನೋಡುತ್ತಿದ್ದ ನನ್ನ ತಲೆಯಲ್ಲಿ ಇದ್ದದ್ದು ಒಂದೇ ಪ್ರಶ್ನೆ: ಎರಡನೆಯ ಕುಕ್ಕರ್ ಎಲ್ಲಿದೆ? ಎರಡನೆಯದು ಸಿಡಿಯಲಿಲ್ಲ ಎಂದು ಇವತ್ತು ನಿಶ್ಚಿಂತೆಯಿಂದ ಹೇಳಬಹುದು. ಆ ರಾತ್ರಿ ಹಾಗೆ ಹೇಳುವ ಧೈರ್ಯ ಯಾರಿಗೂ ಇರಲಿಲ್ಲ.

ಸರ ಕಿತ್ತವನನ್ನೂ ದನ ಕದ್ದವನನ್ನೂ ಏರೋಪ್ಲೇನ್ ಹತ್ತಿಸಿ, ಅಂದರೆ ಕೈಗಳನ್ನು ಹಿಂದಕ್ಕೆ ಕಟ್ಟಿ ಮೇಲಕ್ಕೆ ನೇತುಹಾಕಿ, ಅದನ್ನು ಟ್ರೀಟ್‌ಮೆಂಟ್ ಎಂದು ಕರೆದುಕೊಂಡವರನ್ನು ನಾನು ಬಲ್ಲೆ. ಅವರ ವಕಾಲತ್ತು ವಹಿಸಲು ಕುಳಿತಿಲ್ಲ. ನಾನು ಹೇಳುತ್ತಿರುವುದು ಒಂದೇ ಸಂದರ್ಭದ ಮಾತು: ಬಾಂಬ್ ಇಟ್ಟದ್ದು ಖಚಿತ, ಇಟ್ಟವನು ಕೈಯಲ್ಲಿದ್ದಾನೆ, ಎಲ್ಲಿ ಇಟ್ಟನೆಂಬುದು ಮಾತ್ರ ಗೊತ್ತಿಲ್ಲ. ಪಣಂಬೂರಿನ ಬಂದರು, ಅದರ ಬೆನ್ನಿಗೇ ತೈಲ ಸಂಗ್ರಹಾಗಾರಗಳಿರುವ ಊರಿನಲ್ಲಿ ಇದು ಬರಿಯ ಕಲ್ಪನೆಯ ಕಸರತ್ತಲ್ಲ.

ಓಡಲು ಯತ್ನಿಸಿದ ಆರೋಪಿಯ ಕಾಲಿಗೆ ಗುಂಡು ಹೊಡೆದ ಸುದ್ದಿ ಬಂದರೆ ಊರೇ ಶಹಬ್ಬಾಸ್ ಎನ್ನುತ್ತದೆ. ಗಡಿಯಾಚೆಯ ಕಟ್ಟಡದ ಮೇಲೆ ಕ್ಷಿಪಣಿ ಬಿದ್ದು ಒಳಗಿದ್ದವರೆಲ್ಲ ಸತ್ತರೂ ಅದು ಯುದ್ಧದ ನಿಯಮದೊಳಗೆ ಬರಬಹುದು. ಕೊಲ್ಲುವುದಕ್ಕೆ ಇಷ್ಟು ದಾರಿ ತೆರೆದಿಟ್ಟ ನಾವು, ನೂರು ಜನರ ಸಾವಿಗೆ ಏರ್ಪಾಟು ಮಾಡಿದವನನ್ನು ಕೆಲವು ನಿಮಿಷ ಉಸಿರುಗಟ್ಟಿಸುವುದನ್ನು ಮಾತ್ರ ಎಲ್ಲ ಪಾಪಗಳ ತುದಿಯಲ್ಲಿ ಕೂರಿಸಿದ್ದೇವೆ. ಈ ಲೆಕ್ಕ ನನಗೆ ಹೊಂದುವುದಿಲ್ಲ.

ಇಸ್ರೇಲ್ ಈ ಪ್ರಶ್ನೆಯನ್ನು ಕಣ್ಣು ಮುಚ್ಚದೆ ನೋಡಿತು. 1987ರಲ್ಲಿ ಲ್ಯಾಂಡೌ ಆಯೋಗ ವಿಚಾರಣೆಯಲ್ಲಿ ಮಿತವಾದ ದೈಹಿಕ ಒತ್ತಡಕ್ಕೆ ಒಪ್ಪಿಗೆ ಕೊಟ್ಟಿತು. 1999ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ ಅಂಥ ವಿಧಾನಗಳಿಗೆ ಅಧಿಕಾರವಿಲ್ಲ ಎಂದಿತು. ಆದರೆ ಜೀವ ಉಳಿಸಲು ಅನಿವಾರ್ಯವಾಗಿ ಕೈ ಮಾಡಿದೆ ಎಂಬ ಸಮರ್ಥನೆಯನ್ನು ಅಧಿಕಾರಿಗೆ ಪೂರ್ತಿಯಾಗಿ ನಿರಾಕರಿಸಲಿಲ್ಲ. ಇನ್ನೊಂದು ಪ್ರಕರಣ ಫ್ರಾಂಕ್‌ಫರ್ಟ್‌ನದು. 2002ರಲ್ಲಿ ಬಾಲಕನೊಬ್ಬನ ಅಪಹರಣವಾಗಿತ್ತು. ಸಿಕ್ಕಿಬಿದ್ದವನು ಬಾಯಿ ಬಿಡದಿದ್ದಾಗ ನಗರದ ಉಪ ಪೊಲೀಸ್ ಮುಖ್ಯಸ್ಥ ವೋಲ್ಫ್‌ಗಾಂಗ್ ಡಾಶ್ನರ್, ನೋವು ಕೊಡುವುದಾಗಿ ಬೆದರಿಸಲು ಆದೇಶಿಸಿದರು. ಅವನು ಜಾಗ ಹೇಳಿದ. ಡಾಶ್ನರ್ ತಾವು ಮಾಡಿದ್ದನ್ನು ತಾವೇ ಕಡತದಲ್ಲಿ ಬರೆದಿಟ್ಟರು. ನನ್ನ ಕಣ್ಣಿಗೆ ಅದು ಪೊಲೀಸ್ ಕೆಲಸದ ಘನತೆ.

ಭಯವಿಲ್ಲದೆ ಸತ್ಯ ಹೊರಬರುವುದಿಲ್ಲ ಎಂಬುದು ತುಳುನಾಡಿಗೆ ಹೊಸದಲ್ಲ. ಮನೆಯಲ್ಲಿ ಕಳವಾದರೆ ಠಾಣೆಗೆ ಬರುವ ಮೊದಲು ಕಾನತ್ತೂರಿನ ದೈವಸ್ಥಾನಕ್ಕೆ ದೂರು ಒಯ್ಯುವವರು ಈಗಲೂ ಇದ್ದಾರೆ. ಕಟಕಟೆಯಲ್ಲಿ ಸರಾಗವಾಗಿ ಸುಳ್ಳು ಹೇಳಿದವನೂ ದೈವದ ಎದುರು ನಿಂತರೆ ನಡುಗುತ್ತಾನೆ.

ನಮ್ಮಲ್ಲಿ ಅನಿವಾರ್ಯತೆಯ ಸಮರ್ಥನೆ ಈಗಾಗಲೇ ಇದೆ: ಹಳೆಯ ದಂಡಸಂಹಿತೆಯ 81ನೆಯ ಕಲಂ, ಈಗಿನ ಭಾರತೀಯ ನ್ಯಾಯ ಸಂಹಿತೆಯ 19ನೆಯ ಕಲಂ. ಅದಕ್ಕೊಂದು ವಿವರಣೆ ಸೇರಿಸಿ. ಹಿರಿಯ ಅಧಿಕಾರಿಯ ಲಿಖಿತ ಆದೇಶ ಬೇಕು, ವಿಡಿಯೊ ಬೇಕು, ಮರುದಿನವೇ ನ್ಯಾಯಾಧೀಶರ ಮುಂದೆ ಕಡತ ಹೋಗಬೇಕು. ಮಾಡುವ ವಿಧಾನವೂ ಮೂಳೆ ಮುರಿಯುವಂಥದ್ದು, ಅಂಗ ಊನ ಮಾಡುವಂಥದ್ದು ಆಗಿರಬಾರದು. ಅಮೆರಿಕದವರು ತಮ್ಮ ಸೈನಿಕರಿಗೇ ತರಬೇತಿಯಲ್ಲಿ ನೀರಿನ ಪರೀಕ್ಷೆ ಕೊಟ್ಟಿದ್ದಾರೆ. ಕತ್ತಲಲ್ಲಿ ಹೇಗೂ ನಡೆಯುತ್ತಿರುವುದನ್ನು ದೀಪದ ಕೆಳಗೆ ತರಲು ನಾನು ಕಂಡ ದಾರಿ ಇದೊಂದೇ.

ವಿರೋಧ: ನಿರಪರಾಧಿಯ ಬಳಿ ಕೊಡುವುದಕ್ಕೆ ಏನೂ ಇಲ್ಲ

ಸಾಹೇಬರು ನಾಗುರಿಯಿಂದ ಆರಂಭಿಸಿದ್ದು ನನಗೆ ಅನುಕೂಲವೇ ಆಯಿತು. ಆ ಆರೋಪಿ ಸುಟ್ಟ ಗಾಯಗಳಿಂದ ಆಸ್ಪತ್ರೆಯಲ್ಲಿದ್ದ, ಮಾತನಾಡುವ ಸ್ಥಿತಿಯಲ್ಲಿರಲಿಲ್ಲ. ಅವನು ಬಳಸುತ್ತಿದ್ದ ಆಧಾರ್ ಕಾರ್ಡ್ ಬೇರೊಬ್ಬರು ಕಳೆದುಕೊಂಡದ್ದು. ಪೊಲೀಸರು ಎಳೆ ಹಿಡಿದು ಹೋಗಿ ಮರುದಿನವೇ ಮೈಸೂರಿನ ಬಾಡಿಗೆ ಕೋಣೆಯ ಬಾಗಿಲು ತೆರೆದರು. ಬಾಯಿಯನ್ನೇ ಬಿಡಲಾಗದವನ ಜಾಡು ಸಿಕ್ಕಿದ್ದು ಹೀಗೆ. ಸಾಹೇಬರ ಇಲಾಖೆಯ ಆ ಕೆಲಸವನ್ನು ನಾನು ಮೆಚ್ಚುತ್ತೇನೆ.

ಇನ್ನು ಕಾನತ್ತೂರು. ಅಲ್ಲಿ ಹೆದರುವವನು ಕದ್ದವನು. ಕದಿಯದವನು ಆಣೆ ಹಾಕಿ ಎದೆ ಸೆಟೆಸಿ ಮನೆಗೆ ಹೋಗುತ್ತಾನೆ. ಧರ್ಮಶಾಸ್ತ್ರದ ಜಲದಿವ್ಯದಲ್ಲೂ, ಆರೋಪಿ ನೀರಿನಲ್ಲಿ ಮುಳುಗಿ, ಎಸೆದ ಬಾಣವನ್ನು ಓಟಗಾರ ತರುವವರೆಗೆ ಉಸಿರು ಹಿಡಿದರೆ ಗೆದ್ದ. ಮೂಢ ಪರೀಕ್ಷೆ, ಒಪ್ಪುತ್ತೇನೆ, ಆದರೂ ಗೆಲ್ಲಲು ಒಂದು ದಾರಿ ಇತ್ತು. ಮುಖಕ್ಕೆ ಬಟ್ಟೆ ಹಾಕಿ ನೀರು ಸುರಿಯುವಲ್ಲಿ ಅದೂ ಇಲ್ಲ. ಗೊತ್ತಿದ್ದವನು ಹೇಳಿ ಪಾರಾಗುತ್ತಾನೆ. ಗೊತ್ತಿಲ್ಲದವನ ಮೌನ ಪಳಗಿದ ಅಪರಾಧಿಯ ಮೌನದಂತೆಯೇ ಕಾಣುತ್ತದೆ, ಆದ್ದರಿಂದ ಅವನಿಗೆ ಇನ್ನೊಂದು ಕೊಡ. ಕೊನೆಗೆ ಅವನೂ ಹೇಳುತ್ತಾನೆ, ಬಾಯಿಗೆ ಬಂದದ್ದನ್ನು. ಮಲ್ಪೆಯ ಮೀನುಗಾರರನ್ನು ಕೇಳಿ: ಮುಳುಗುವವನು ಎತ್ತಲು ಬಂದವನ ಕುತ್ತಿಗೆಯನ್ನೇ ಅಮುಕಿ ಹಿಡಿಯುತ್ತಾನೆ. ಆ ಹಿಡಿತದಲ್ಲಿ ಬುದ್ಧಿಯ ಪಾಲು ಎಷ್ಟಿದೆಯೋ ಈ ತಪ್ಪೊಪ್ಪಿಗೆಯಲ್ಲೂ ಅಷ್ಟೇ.

1623ರಲ್ಲಿ ಇಂದಿನ ಇಂಡೊನೇಷ್ಯಾದ ಲವಂಗದ ದ್ವೀಪ ಅಂಬೊಯ್ನಾದಲ್ಲಿ ನಡೆದದ್ದು ಇದೇ. ಡಚ್ ಕಂಪನಿಯ ಕಾವಲಿನಲ್ಲಿದ್ದ ಒಬ್ಬ ಜಪಾನಿ ಸೈನಿಕ ಕೋಟೆಯ ರಕ್ಷಣೆಯ ಬಗ್ಗೆ ಏನೋ ಕೇಳಿದ. ಅನುಮಾನ ಹುಟ್ಟಿತು, ಅವನನ್ನು ಹಿಂಸಿಸಿದರು, ಇಂಗ್ಲಿಷರು ಕೋಟೆ ವಶಪಡಿಸಿಕೊಳ್ಳಲು ಸಂಚು ಮಾಡಿದ್ದಾರೆಂದು ಅವನು ಹೇಳಿದ. ಆಮೇಲೆ ಅಲ್ಲಿದ್ದ ಹಿಡಿಯಷ್ಟು ಇಂಗ್ಲಿಷ್ ವರ್ತಕರ ಸರದಿ. ಕುತ್ತಿಗೆಯ ಸುತ್ತ ಬಟ್ಟೆ ಬಿಗಿದು, ನೀರು ನುಂಗದೆ ಉಸಿರು ಎಳೆಯಲಾಗದಂತೆ ಸುರಿದರು. ಕೇಳಿದ್ದಕ್ಕೆಲ್ಲ ಹೌದು ಎಂದರು. 10 ಮಂದಿ ಇಂಗ್ಲಿಷರ ತಲೆ ಕಡಿಯಲಾಯಿತು. ಸ್ಪೇನಿನ ಧಾರ್ಮಿಕ ನ್ಯಾಯಪೀಠಕ್ಕೂ ಈ ವಿದ್ಯೆ ಚೆನ್ನಾಗಿ ಗೊತ್ತಿತ್ತು; ಅಲ್ಲಿ ಹುಡುಕುತ್ತಿದ್ದದ್ದು ಬಾಂಬನ್ನಲ್ಲ, ಮನಸ್ಸಿನೊಳಗಿನ ಧರ್ಮದ್ರೋಹವನ್ನು.

ಅನಿವಾರ್ಯತೆಯ ಸಮರ್ಥನೆಯೂ ಹೊಸದೇನಲ್ಲ. ಫಿಲಿಪ್ಪೀನ್ಸ್ ಯುದ್ಧದಲ್ಲಿ ಕೈದಿಯೊಬ್ಬನಿಗೆ ಬಲವಂತವಾಗಿ ನೀರು ಕುಡಿಸಿದ ಪ್ರಕರಣದಲ್ಲಿ ಅಮೆರಿಕದ ಸೇನಾಧಿಕಾರಿ ಎಡ್ವಿನ್ ಗ್ಲೆನ್ 1902ರಲ್ಲಿ ಸೇನಾ ನ್ಯಾಯಾಲಯದ ಮುಂದೆ ಇದನ್ನೇ ಹೇಳಿದ. ತಪ್ಪಿತಸ್ಥ ಎಂದಾಯಿತು, ಶಿಕ್ಷೆ ಒಂದು ತಿಂಗಳ ಅಮಾನತು, 50 ಡಾಲರ್ ದಂಡ. ಎರಡನೆಯ ಮಹಾಯುದ್ಧದ ಬಳಿಕ ಇದೇ ಕೃತ್ಯಕ್ಕೆ ಜಪಾನಿ ಸೈನಿಕರನ್ನು ಅಪರಾಧಿಗಳೆಂದು ಜೈಲಿಗೆ ಕಳುಹಿಸಿದ ಅಮೆರಿಕ, 2002ರ ಆಗಸ್ಟ್‌ನಲ್ಲಿ ತನ್ನ ಗುಪ್ತಚರ ಸಂಸ್ಥೆ ಸಿಐಎಗೆ ಅದು ಹಿಂಸೆಯೇ ಅಲ್ಲ ಎಂಬ ಕಾನೂನು ಅಭಿಪ್ರಾಯ ಬರೆದುಕೊಟ್ಟಿತು. ಆ ಸಂಸ್ಥೆಯ ವಶದಲ್ಲಿದ್ದ ಭಯೋತ್ಪಾದನೆಯ ಶಂಕಿತರಲ್ಲಿ ಅಬು ಜುಬೈದಾನ ಮೇಲೆ 83 ಬಾರಿ ನೀರು ಸುರಿದರು, ಖಾಲಿದ್ ಶೇಖ್ ಮೊಹಮ್ಮದ್‌ನ ಮೇಲೆ 2003ರ ಮಾರ್ಚ್ ತಿಂಗಳೊಂದರಲ್ಲೇ 183 ಬಾರಿ. ಸಾಹೇಬರ ಬಾಂಬ್ ನಿಮಿಷಗಳಲ್ಲಿ ಸಿಡಿಯುವಂಥದ್ದು. ಇದು ಯಾವ ಗಡಿಯಾರದ ಲೆಕ್ಕ? 2014ರಲ್ಲಿ ಪ್ರಕಟವಾದ ಸೆನೆಟ್ ಸಮಿತಿಯ ವರದಿ, ಇಂಥ ವಿಧಾನಗಳಿಂದ ಮಾಹಿತಿ ಪಡೆಯುವ ಕಾರ್ಯಕ್ರಮ ಫಲ ಕೊಡಲಿಲ್ಲ ಎಂದೇ ಹೇಳಿತು. ತರಬೇತಿಯ ಸೈನಿಕನ ಹೋಲಿಕೆಯೂ ನಿಲ್ಲುವುದಿಲ್ಲ. ಅವನಿಗೆ ನಿಲ್ಲಿಸಿ ಎನ್ನುವ ಹಕ್ಕಿದೆ, ಸುತ್ತಲೂ ಇರುವವರು ಅವನ ಕಡೆಯವರು.

ದೂರದ ಮಾತು ಸಾಕು. ಮಂಗಳೂರು ಮುಖ್ಯಪಟ್ಟಣವಾಗಿದ್ದ ಕೆನರಾ ಜಿಲ್ಲೆ ಮದ್ರಾಸ್ ಪ್ರಾಂತ್ಯಕ್ಕೆ ಸೇರಿದ್ದ ಕಾಲದಲ್ಲಿ, 1855ರಲ್ಲಿ, ಆ ಪ್ರಾಂತ್ಯದ ಚಿತ್ರಹಿಂಸೆಯ ತನಿಖಾ ಆಯೋಗ ವರದಿ ಕೊಟ್ಟಿತು. ಕಂದಾಯ ವಸೂಲಿಗೂ ಕಳವಿನ ತನಿಖೆಗೂ ಏನೇನು ಮಾಡುತ್ತಿದ್ದರೆಂಬ ಪಟ್ಟಿ ಅದರಲ್ಲಿದೆ: ಬೆರಳು ಹಿಸುಕುವ ಕಿಟ್ಟಿಕೋಲು, ಕಣ್ಣಿಗೆ ಮೆಣಸಿನಪುಡಿ, ಅರ್ಧ ಉಸಿರು ಕಟ್ಟುವವರೆಗೆ ಬಾವಿಯಲ್ಲೋ ಹೊಳೆಯಲ್ಲೋ ಅದ್ದುವುದು. ಸಾಕ್ಷ್ಯ ಕಾಯಿದೆಯ ಕರಡು ಬರೆದ ಜೇಮ್ಸ್ ಫಿಟ್ಜ್‌ಜೇಮ್ಸ್ ಸ್ಟೀಫನ್ ಇದರ ಕಾರಣವನ್ನು ಇಲ್ಲಿನ ಅಧಿಕಾರಿಯೊಬ್ಬನ ಬಾಯಿಂದಲೇ ಕೇಳಿ ದಾಖಲಿಸಿದ್ದಾನೆ: ಬಿಸಿಲಲ್ಲಿ ಸಾಕ್ಷ್ಯಕ್ಕಾಗಿ ಅಲೆಯುವುದಕ್ಕಿಂತ ನೆರಳಲ್ಲಿ ಕುಳಿತು ಒಬ್ಬ ಬಡಪಾಯಿಯ ಕಣ್ಣಿಗೆ ಮೆಣಸಿನಪುಡಿ ಉಜ್ಜುವುದು ಸುಖ. ಪೊಲೀಸರ ಎದುರಿನ ತಪ್ಪೊಪ್ಪಿಗೆ ಸಾಕ್ಷ್ಯವಲ್ಲ ಎಂಬ 1872ರ ಕಾಯಿದೆಯ 25ನೆಯ ಕಲಂ ಇಂಥ ಅನುಭವದಿಂದ ಬಂದದ್ದು. ಈಗ ಅದು ಭಾರತೀಯ ಸಾಕ್ಷ್ಯ ಅಧಿನಿಯಮದ 23ನೆಯ ಕಲಂ.

ಆದರೆ ಅಂದೇ ಒಂದು ಕಿರುಬಾಗಿಲನ್ನೂ ಬಿಟ್ಟರು. ಆರೋಪಿಯ ಹೇಳಿಕೆಯಿಂದ ವಸ್ತುವೊಂದು ಪತ್ತೆಯಾದರೆ ಆ ಮಟ್ಟಿಗಿನ ಹೇಳಿಕೆ ನಡೆಯುತ್ತದೆ. ಹಳೆಯ 27ನೆಯ ಕಲಂ. ಸಾಹೇಬರು ಕೇಳುತ್ತಿರುವ ಬಾಗಿಲಿನ ತಮ್ಮ ಇದು, ಇದರ ಗತಿ ನೋಡಿ. ನನ್ನ ಮೇಜಿಗೆ ಬರುವ ಕಡತಗಳಲ್ಲಿ ಆರೋಪಿ ‘ಯಾರ ಒತ್ತಾಯವೂ ಇಲ್ಲದೆ ಸ್ವಇಚ್ಛೆಯಿಂದ’ ಹೇಳಿರುತ್ತಾನೆ, ‘ನನ್ನನ್ನು ಕರೆದುಕೊಂಡು ಹೋದರೆ ಬಚ್ಚಿಟ್ಟ ಜಾಗವನ್ನು ತೋರಿಸಿಕೊಡುತ್ತೇನೆ’ ಎಂದಿರುತ್ತಾನೆ. ಬೈಕು ಕಳ್ಳನೂ ಕೊಲೆ ಆರೋಪಿಯೂ, ಕುಂದಾಪುರದವನೂ ಕಾರ್ಕಳದವನೂ, ಅಲ್ಪವಿರಾಮವೂ ತಪ್ಪದಂತೆ ಅದೇ ವಾಕ್ಯ. ಮಹಜರಿಗೆ ಸಹಿ ಹಾಕಿದ ಪಂಚರನ್ನು ಪಾಟೀಸವಾಲಿನಲ್ಲಿ ಕೇಳಿದರೆ, ಠಾಣೆಯಲ್ಲೇ ಸಹಿ ಮಾಡಿದೆ ಎನ್ನುವವರು ಸಿಗುತ್ತಾರೆ. ಇನ್ನೂ ದೊಡ್ಡ ಬಾಗಿಲು ತೆರೆದರೆ ಲಿಖಿತ ಆದೇಶಕ್ಕೂ ಒಂದು ಅಚ್ಚು ತಯಾರಾಗುತ್ತದೆ.

ಮೂಳೆ ಮುರಿಯುವುದಿಲ್ಲ ಎಂಬುದು ನೀರಿನ ಪರವಾದ ಮಾತಲ್ಲ. ಅದನ್ನು ಆರಿಸಿಕೊಳ್ಳುವ ಕಾರಣವೇ ಅದು. ಡಿ.ಕೆ. ಬಸು ಪ್ರಕರಣದಲ್ಲಿ 1996ರಲ್ಲಿ ಸುಪ್ರೀಂ ಕೋರ್ಟ್, ವಶದಲ್ಲಿರುವವನಿಗೆ 48 ಗಂಟೆಗೊಮ್ಮೆ ವೈದ್ಯಕೀಯ ತಪಾಸಣೆಯಾಗಬೇಕೆಂದಿತು. ವೈದ್ಯರಿಗೆ ಬಾಸುಂಡೆ ಕಾಣುತ್ತದೆ, ಒದ್ದೆಯಾಗಿ ಒಣಗಿದ ಬಟ್ಟೆ ಕಾಣುವುದಿಲ್ಲ. ಠಾಣೆಗಳಿಗೆ ಸಿಸಿಟಿವಿ ಕಡ್ಡಾಯ ಎಂದು 2020ರಲ್ಲಿ ಆದೇಶವಾಯಿತು, ಆದರೆ ಸ್ನಾನದ ಕೋಣೆಯೊಳಗೆ ಕ್ಯಾಮೆರಾ ಇಡುವಂತಿಲ್ಲ. ಚಿತ್ರಹಿಂಸೆಯ ವಿರುದ್ಧದ ವಿಶ್ವಸಂಸ್ಥೆಯ ಒಪ್ಪಂದಕ್ಕೆ ಭಾರತ 1997ರಲ್ಲಿ ಸಹಿ ಹಾಕಿತು, ಅನುಮೋದಿಸಲಿಲ್ಲ. 2010ರಲ್ಲಿ ಲೋಕಸಭೆ ಅಂಗೀಕರಿಸಿದ ಮಸೂದೆ ಕಾಯಿದೆಯಾಗಲಿಲ್ಲ. ಇರುವ ನಿಷೇಧವನ್ನೇ ಪೂರ್ತಿ ಕಟ್ಟದವರು ವಿನಾಯಿತಿಯ ನಕ್ಷೆ ಬರೆಯುವುದು ಬೇಡ.

ಫ್ರಾಂಕ್‌ಫರ್ಟ್‌ನ ಕಥೆಯಲ್ಲಿ ಸಾಹೇಬರು ಎರಡು ಸಂಗತಿ ಬಿಟ್ಟಿದ್ದಾರೆ. ಬೆದರಿಕೆ ಹಾಕುವ ಹೊತ್ತಿಗೆ ಆ ಬಾಲಕ ಬದುಕಿರಲಿಲ್ಲ. ಪೊಲೀಸರಿಗೆ ಅದು ಗೊತ್ತಿರಲಿಲ್ಲ. ಮತ್ತು ಡಾಶ್ನರ್ ವಿಚಾರಣೆ ಎದುರಿಸಿದರು, ನ್ಯಾಯಾಲಯ ಅವರನ್ನು ತಪ್ಪಿತಸ್ಥರೆಂದಿತು, ದಂಡವನ್ನು ಮಾತ್ರ ತಡೆಹಿಡಿದು ಎಚ್ಚರಿಕೆ ಕೊಟ್ಟು ಬಿಟ್ಟಿತು. ಕಾನೂನು ಒಂದಕ್ಷರವೂ ಬದಲಾಗಲಿಲ್ಲ. ನನಗೂ ಇಷ್ಟೇ ಬೇಕಾದದ್ದು. ನಿಜವಾಗಿಯೂ ಅಂಥ ರಾತ್ರಿ ಬಂದು ಅಧಿಕಾರಿಯೊಬ್ಬರು ಕೈ ಮಾಡಿದರೆ, ತಾವೇ ಬರೆದ ಟಿಪ್ಪಣಿಯನ್ನು ಕೈಯಲ್ಲಿ ಹಿಡಿದು ಕಟಕಟೆಗೆ ಬರಲಿ. ಶಿಕ್ಷೆ ಎಷ್ಟೆಂದು ನ್ಯಾಯಾಧೀಶರು ತೂಗಲಿ. ಅಂಥ ಟಿಪ್ಪಣಿಯಿರುವ ಒಂದು ಕಡತವೂ ಈವರೆಗೆ ನನ್ನ ಮೇಜಿಗೆ ಬಂದಿಲ್ಲ.