ಓಕಿಕುಗೆ ಹನ್ನೊಂದು ತಟ್ಟೆ

ಅಕ್ಟೋಬರ್ ಬಂತೆಂದರೆ ಜಪಾನಿನ ದೆವ್ವಗಳಿಗೆ ಓವರ್‌ಟೈಮ್. ಅವುಗಳ ಸೀಸನ್ ನಿಜಕ್ಕೂ ಅಲ್ಲಿನ ಜುಲೈ-ಆಗಸ್ಟಿನ ಬೇಸಿಗೆ. ಗಂಡನ ಮೋಸಕ್ಕೆ ಸತ್ತು ದೆವ್ವವಾದ ಓಯಿವಾಳ ಕಬುಕಿ (ಜಪಾನಿನ ಸಾಂಪ್ರದಾಯಿಕ ರಂಗಕಲೆ) ನಾಟಕ ಮೊದಲು ರಂಗಕ್ಕೆ ಬಂದದ್ದು 1825ರ ಬೇಸಿಗೆಯಲ್ಲಿ. ಟೋಕಿಯೋದ ಜೆನ್ಶೋಆನ್ ದೇವಾಲಯ ತನ್ನ ದೆವ್ವದ ಚಿತ್ರಪಟಗಳನ್ನು ಪ್ರದರ್ಶನಕ್ಕೆ ತೂಗುಹಾಕುವುದು ಇವತ್ತಿಗೂ ಆಗಸ್ಟಿನಲ್ಲಿ. ಡಿಜಿಟಲ್ ಕಲಾವಿದರ ಲೆಕ್ಕದಲ್ಲಿ ಮಾತ್ರ ಸಕಲ ಪ್ರೇತಗಳಿಗೂ ಹ್ಯಾಲೋವೀನ್ ಹಬ್ಬದ ಅಕ್ಟೋಬರ್ 31 ಡೆಡ್‌ಲೈನ್.

ಹಳೆಯ ದೆವ್ವಗಳ ‘ಆಧುನಿಕ ಮರುಕಲ್ಪನೆ’ ಸುಲಭ. ಉದ್ದ ಕೂದಲು, ಬಿಳಿ ಬಟ್ಟೆ, ಹಿಂದೆ ಗುಲಾಬಿ ನಿಯಾನ್, ಮೂಲೆಗೊಂದು ಕುಂಬಳಕಾಯಿ. ಬಾವಿ ಸೇರಿಸಿದರೆ ‘ರಿಂಗ್’ ಸಿನಿಮಾದ ದೆವ್ವ ಸದಾಕೋ, ತಟ್ಟೆ ಸೇರಿಸಿದರೆ ಓಕಿಕು.

ಪಾಪ, ಈ ಓಕಿಕುವಿನ ಗೋಳೇ ಲೆಕ್ಕದ್ದು. ಧಣಿಯ ಹತ್ತು ತಟ್ಟೆಗಳಲ್ಲಿ ಒಂದು ಕಾಣೆಯಾಗಿ ಜೀವ ಕಳೆದುಕೊಂಡವಳು. ರಾತ್ರಿಯೆಲ್ಲ ಒಂಬತ್ತರವರೆಗೆ ಎಣಿಸಿ ಚೀರುತ್ತಾಳೆ. 1830ರ ದಶಕದ ಆರಂಭದಲ್ಲಿ ಚಿತ್ರಕಾರ ಹೊಕುಸಾಯ್ ಆ ತಟ್ಟೆಗಳನ್ನೇ ಪೋಣಿಸಿ ಅವಳಿಗೆ ಹಾವಿನಂಥ ಕತ್ತು ಮಾಡಿದ. ಮರದಚ್ಚಿನಲ್ಲಿ, ತಪ್ಪನ್ನು ಹಿಂದಕ್ಕೆ ಪಡೆಯುವ ಅಂಡೂ ಬಟನ್ ಇಲ್ಲದೆ! ಈಗ ಎಐಗೆ ‘ಒಂಬತ್ತು ತಟ್ಟೆ’ ಅನ್ನಿ, ಹನ್ನೊಂದು ಬಂದರೂ ಬಂತು. ತಟ್ಟೆಯ ರಾಶಿ ಹೇಗಿರುತ್ತದೆಂದು ಅದಕ್ಕೆ ಗೊತ್ತು, ಎಣಿಸುವುದರಲ್ಲಿ ಎಡವುತ್ತದೆ. ಹನ್ನೊಂದು ಸಿಕ್ಕ ಮೇಲೆ ಓಕಿಕು ಯಾಕೆ ಚೀರಬೇಕು? ಒಂದು ತಟ್ಟೆ ಬರೆದು ಆ ಲೇಯರನ್ನು (ಚಿತ್ರದ ಪದರವನ್ನು) ಎಂಟು ಸಲ ನಕಲು ಮಾಡಿದರೆ ಮುಗಿಯಿತು. ಆದರೆ ಅದು ಕೈಕೆಲಸವಾಯಿತಲ್ಲ, ಕಲಾವಿದರ ಘನತೆಗೆ ಕುಂದು.

ಇನ್ನು ಜಪಾನಿನ ನಿಲುವಂಗಿ ಕಿಮೊನೊ. ಬದುಕಿದ್ದವರು ಎಡಭಾಗ ಮೇಲೆ ಬರುವಂತೆ ಸುತ್ತಿಕೊಳ್ಳುತ್ತಾರೆ, ಹೆಣಕ್ಕೆ ಬಲಭಾಗ ಮೇಲೆ. ಇದನ್ನು ಸರಿಯಾಗಿ ಬರೆದವರೂ ಮುಖ ಸೊಟ್ಟಗಾಗಿದೆಯೇ ಎಂದು ನೋಡಲು ಕ್ಯಾನ್ವಾಸನ್ನು ಕನ್ನಡಿಬಿಂಬದಂತೆ ಮಗುಚುತ್ತಾರೆ, ವಾಪಸ್ ಮಗುಚಲು ಮರೆತು ಎಕ್ಸ್‌ಪೋರ್ಟ್ ಒತ್ತುತ್ತಾರೆ. ಪ್ರೇತ ಮದುವೆಮನೆಗೆ ಹೊರಟಂತಾಯಿತು. ಓಯಿವಾಳ ಊದಿದ ಕಣ್ಣೂ ಮಗ್ಗುಲು ಬದಲಿಸಿರುತ್ತದೆ.

ನಮ್ಮ ದೆವ್ವಕ್ಕೆ ಪಾದ ಹಿಂದುಮುಂದು. ಇವರ ಯೂರೇಗೆ (ಜಪಾನಿನ ಪ್ರೇತಕ್ಕೆ) ಪಾದವೇ ಇಲ್ಲ. ಮೊಣಕಾಲಿನಿಂದ ಕೆಳಕ್ಕೆ ಲೇಯರ್ ಮಾಸ್ಕ್ (ಬಿಳಿ ಇದ್ದಲ್ಲಿ ತೋರಿಸಿ, ಕಪ್ಪಿದ್ದಲ್ಲಿ ಮರೆಮಾಡುವ ಮುಸುಕು) ಹಾಕಿ, ಬಿಳಿಯಿಂದ ಕಪ್ಪಿಗೆ ಗ್ರೇಡಿಯಂಟ್ ಎಳೆದರೆ ಹೊಗೆಯಂತೆ ಕರಗುತ್ತದೆ. ಗಟ್ಟಿ ಅಂಚಿನ ಇರೇಸರಿನಲ್ಲಿ ಉಜ್ಜಿದರೆ ಕತ್ತರಿಸಿದ ಕಟೌಟು. ಮುಖದ ನೆರಳಿಗೆ ಕಬುಕಿ ಬಳಸುವ ನೀಲಿಯನ್ನು, ಕೆಳಗಿನ ಬಣ್ಣವನ್ನು ಗಾಢವಾಗಿಸುವ ಮಲ್ಟಿಪ್ಲೈ ಲೇಯರಿನಲ್ಲಿ ತೆಳುವಾಗಿ ಸವರಿದರೆ ಸಾಕು. ಸಾಕಾಗುವುದಿಲ್ಲ! ಸುತ್ತ ಔಟರ್ ಗ್ಲೋ ಬೇಕು, ಕಣ್ಣಿಂದ ಲೇಸರ್ ಬೇಕು. ಮೂಗಿಗಿಂತ ಮೂಗುತಿ ಭಾರ.

2023ರಲ್ಲಿ ಟೋಕಿಯೋದ ಶಿಬುಯಾ ವಾರ್ಡಿನ ಮೇಯರ್ ಹ್ಯಾಲೋವೀನಿಗೆ ನಮ್ಮ ಬೀದಿಗೆ ಬರಬೇಡಿ ಎಂದು ಬಹಿರಂಗವಾಗಿ ಕೇಳಿಕೊಂಡರು. ಬೀದಿ ತಪ್ಪಿದ ಪ್ರೇತಗಳಿಗೆ ವಾಲ್‌ಪೇಪರಿನಲ್ಲಿ ಜಾಗ ಸಿಕ್ಕಿದೆ: 4ಕೆ ಗುಣಮಟ್ಟ, ಕಾಲಿಗೆ ಸ್ನೀಕರ್ಸ್.