ಆಟೋ ಫೋಟೋ ಸಾಕು, ಆ ಬಾಲ್ಕನಿ ನೋಡಿ

ಮತ್ತೆ ಬಂತು ನೋಡಿ ಆ ಪೋಸ್ಟ್. ಒಂದು ಕಡೆ ಮೀರಾ ನಾಯರ್ ಅವರ ‘ಸಲಾಂ ಬಾಂಬೆ’ ಸಿನಿಮಾದಲ್ಲಿ ಚಾಯ್‌ಪಾವ್ ಆಗಿ ನಟಿಸಿದ ಬೀದಿ ಹುಡುಗ ಶಫೀಕ್ ಸೈಯದ್, ಇನ್ನೊಂದು ಕಡೆ ಮುಂದೆ ಆತ ಓಡಿಸಿದ ಬೆಂಗಳೂರಿನ ಆಟೋ, ಕೆಳಗೆ ಎರಡು ಅಳುವ ಇಮೋಜಿ. ರಾಷ್ಟ್ರಪ್ರಶಸ್ತಿ ಪಡೆದವನನ್ನು ಮೀರಾ ನಾಯರ್ ಬೀದಿಪಾಲು ಮಾಡಿದರಂತೆ. ಮೀರಾ ಅವರ ಮಗ ನ್ಯೂಯಾರ್ಕಿನ ಮೇಯರ್ ಆದಮೇಲಂತೂ ಬೈಯೋರಿಗೆ ಹೊಸ ಹುರುಪು.

ಮೊದಲನೆಯದಾಗಿ, ಆಟೋ ಓಡಿಸೋದು ಬೀದಿಪಾಲಾಗೋದು ಅಂತ ಯಾರು ಹೇಳಿದ್ದು ನಿಮಗೆ? ಮೀಟರ್ ಮೇಲೆ ಇಪ್ಪತ್ತು ರೂಪಾಯಿ ಕೇಳಿದಾಗ ಬಾರದ ಕನಿಕರ ಫೇಸ್‌ಬುಕ್ಕಿಗೆ ಬಂದ ಕೂಡಲೇ ಉಕ್ಕುತ್ತಲ್ಲ! ಆತ ಆಮೇಲೆ ಗೌತಮ್ ಘೋಷ್ ಅವರ ‘ಪತಂಗ್’ನಲ್ಲೂ ನಟಿಸಿದ್ದು ಆ ಪೋಸ್ಟಿನಲ್ಲಿ ಇರಲ್ಲ.

‘ಸಲಾಂ ಬಾಂಬೆ’ಗೂ ಮುಂಚೆ ಸಾಕ್ಷ್ಯಚಿತ್ರಗಳನ್ನಷ್ಟೇ ಮಾಡಿದ್ದ ನಿರ್ದೇಶಕಿ ಮೀರಾ. ಸರ್ಕಾರದ ಚಲನಚಿತ್ರ ಅಭಿವೃದ್ಧಿ ನಿಗಮ ಎನ್‌ಎಫ್‌ಡಿಸಿ, ದೂರದರ್ಶನ, ಬ್ರಿಟನ್ನಿನ ಚಾನೆಲ್ 4 ಅಂತ ಅಲ್ಲಲ್ಲಿ ದುಡ್ಡು ಹೊಂದಿಸಿ ಮಾಡಿದ ಚಿತ್ರ. ರಂಗ ನಿರ್ದೇಶಕ ಬ್ಯಾರಿ ಜಾನ್ ಅವರ ನಟನಾ ಕಾರ್ಯಾಗಾರಕ್ಕೆ ಸುಮಾರು 130 ಬೀದಿಮಕ್ಕಳು ಬಂದರು, ಎರಡು ಡಜನ್‌ನಷ್ಟು ಮಕ್ಕಳು ಉಳಿದರು. ಹಿಂದಿ ಸಿನಿಮಾ ನೋಡಿ ಕಲಿತ ಡೈಲಾಗ್ ಹೊಡೆಯೋದನ್ನ ಬಿಡಿಸೋದೇ ದೊಡ್ಡ ಕೆಲಸ. ಮಕ್ಕಳಿಗೆ ಸಂಬಳ ಕೊಟ್ಟರು, ಡಾಕ್ಟರಿಗೆ ತೋರಿಸಿದರು.

ಸಂಬಳ ಕೊಟ್ಟರೆ ಮುಗೀತಾ? ಇಲ್ಲ ಸ್ವಾಮಿ. ಬೀದಿಯಲ್ಲಿ ಮಲಗೋ ಹುಡುಗನ ಜೇಬಲ್ಲಿ ನೂರು ರೂಪಾಯಿ ಇದ್ದರೆ ಬೆಳಗಾಗೋದರೊಳಗೆ ದೊಡ್ಡ ಹುಡುಗರ ಪಾಲು. ಅದಕ್ಕೇ ಅವರು ಗಳಿಸಿದ್ದನ್ನೆಲ್ಲ ಅವತ್ತೇ ತಿಂದು, ಸಿನಿಮಾ ನೋಡಿ ಮುಗಿಸಿಬಿಡೋದು. ನಾವು ಅದಕ್ಕೆ ದುಂದು ಅಂತೀವಿ. ಬ್ಯಾಂಕಿಗೆ ಹಾಕೋಣ ಅಂದರೆ ಆಗ ಸಾಮಾನ್ಯವಾಗಿ ಪೋಷಕರ ಸಹಿ ಕೇಳುತ್ತಿದ್ದರು. ಮನೆ ಬಿಟ್ಟು ಓಡಿಬಂದವನು ಯಾರನ್ನ ಕರ್ಕೊಂಡು ಬರಬೇಕು?

ಈ ತೊಡಕು ಗೊತ್ತಿದ್ದವರು ಬೀದಿಮಕ್ಕಳಿಗಾಗಿ ಕಟ್ಟಿದ್ದು ಸಲಾಂ ಬಾಲಕ್ ಟ್ರಸ್ಟ್. ಚಿತ್ರ ಬಂದ 1988ರಲ್ಲೇ, ಅದರ ದುಡ್ಡಿನಿಂದಲೇ. ಮೀರಾ ಅವರ ತಾಯಿ ಪ್ರವೀಣ್ ನಾಯರ್, ಜೊತೆಗೆ ಸಂಜಯ್ ರಾಯ್. ಶುರುವಾಗಿದ್ದು ಹೊಸದಿಲ್ಲಿ ರೈಲ್ವೆ ನಿಲ್ದಾಣದ ಪೊಲೀಸ್ ಠಾಣೆಯ ತೆರೆದ ಬಾಲ್ಕನಿಯಲ್ಲಿ: 25 ಮಕ್ಕಳು, ಮೂರು ಜನ ಸಿಬ್ಬಂದಿ. ಆ ಬಾಲ್ಕನಿಯ ಫೋಟೋ ಯಾರೂ ಶೇರ್ ಮಾಡಲ್ಲ, ಅಳೋದಕ್ಕೆ ಅದರಲ್ಲಿ ಏನೂ ಇಲ್ಲ ನೋಡಿ. (ಆಟೋ ಪೋಸ್ಟನ್ನ ಒಂದು ಕಾಲದಲ್ಲಿ ನಾನೂ ಶೇರ್ ಮಾಡಿದ್ದೆ. ಡಿಲೀಟ್ ಮಾಡಿದ್ದೀನಿ, ಹುಡುಕಬೇಡಿ.)

ಪ್ಲಾಟ್‌ಫಾರ್ಮಿನಲ್ಲಿ ಮಗು ಸಿಕ್ಕರೆ ಈಗಿನ ಕಾನೂನು 24 ಗಂಟೆಯೊಳಗೆ ಮಕ್ಕಳ ಕಲ್ಯಾಣ ಸಮಿತಿಯ ಮುಂದೆ ಹಾಜರುಪಡಿಸಬೇಕು ಅನ್ನುತ್ತೆ. ಅಷ್ಟು ಹೊತ್ತಿನಲ್ಲಿ ಹುಡುಗ ನಿಜ ಹೇಳ್ತಾನಾ? ಹೆಸರು ಸುಳ್ಳು, ಊರು ಸುಳ್ಳು. ಹೊಡೆಯೋ ಅಪ್ಪನ ಹತ್ತಿರ ವಾಪಸ್ ಕಳಿಸ್ತಾರೆ ಅನ್ನೋ ಭಯ. ಅವಸರದಲ್ಲಿ ಕಳಿಸಿದರೆ ಮುಂದಿನ ರೈಲಿಗೆ ಹಾಜರ್. ದಿನಗಟ್ಟಲೆ ಪಕ್ಕದಲ್ಲಿ ಕೂತು ಮಾತಾಡಿಸಬೇಕು. ಮನೆಗೆ ಹೋಗದವನನ್ನ ಶಾಲೆಗೆ ಸೇರಿಸಬೇಕು, ಅದಕ್ಕೊಂದು ಅಲೆದಾಟ. ಹೀಗೆ ಆ ಟ್ರಸ್ಟಿನಲ್ಲಿ ಬೆಳೆದವರೇ ವಿಕಿ ರಾಯ್. ಚಿಂದಿ ಆಯುತ್ತಿದ್ದವರು ಈಗ ಹೆಸರಾಂತ ಫೋಟೋಗ್ರಾಫರ್. ಆ ನಿಲ್ದಾಣದ ಪಕ್ಕದ ಪಹಾಡ್‌ಗಂಜ್ ಗಲ್ಲಿಗಳನ್ನ ಪ್ರವಾಸಿಗರಿಗೆ ತೋರಿಸೋ ಗೈಡುಗಳೂ ಅಲ್ಲೇ ಬೆಳೆದ ಹುಡುಗರು.

‘ಆದರೂ ಒಂದು ಮಗುವಿಗೆ ಖ್ಯಾತಿಯ ರುಚಿ ತೋರಿಸಿ ಕೆಳಗಿಳಿಸೋದು ಸರಿಯಾ?’ ಅನ್ನಬಹುದು. ನೋವು ನಿಜ, ಒಪ್ಪಿದೆ. ಆದರೆ ಕಾನ್ ಚಿತ್ರೋತ್ಸವದಲ್ಲಿ ಚೊಚ್ಚಲ ಚಿತ್ರಕ್ಕೆ ಕೊಡೋ ಕ್ಯಾಮೆರಾ ದೋರ್ ಪ್ರಶಸ್ತಿ ಬಂದರೆ ನಿರ್ದೇಶಕಿಯ ಮನೇಲಿ ದುಡ್ಡಿನ ಗಿಡ ಹುಟ್ಟಲ್ಲ. ಮುಂದೆ ‘ಮಾನ್ಸೂನ್ ವೆಡ್ಡಿಂಗ್’ ಅನ್ನು 30 ದಿನದಲ್ಲಿ ಮುಗಿಸಿದಾಗ ವಿಮಾನ ನಿಲ್ದಾಣದ ಎಕ್ಸ್‌ರೇಗೆ ಕೆಲವು ದಿನಗಳ ರೀಲು ಮಸುಕಾಗಿ, ಮತ್ತೆ ಶೂಟ್ ಮಾಡಬೇಕಾಯಿತು. ಅದಕ್ಕೆ ವೆನಿಸ್ ಚಿತ್ರೋತ್ಸವದಲ್ಲಿ ಚಿನ್ನದ ಸಿಂಹ ಪ್ರಶಸ್ತಿ ಬಂತು, ಅದು ಬೇರೆ ಮಾತು. ಹೀಗೆ ಒದ್ದಾಡಿಕೊಂಡೇ 2004ರಲ್ಲಿ ಉಗಾಂಡದ ಕಂಪಾಲದಲ್ಲಿ ‘ಮೈಶಾ’ ಅನ್ನೋ ಸಂಸ್ಥೆ ಶುರು ಮಾಡಿ ಪೂರ್ವ ಆಫ್ರಿಕಾದ ಹುಡುಗರಿಗೆ ಸಿನಿಮಾ ಕಲಿಸಲು ಹೊರಟವರು ಅವರು.

ಅಂದ ಹಾಗೆ, ಮೆಜೆಸ್ಟಿಕ್ಕಿನಲ್ಲಿ ಒಂಟಿ ಹುಡುಗ ಖಾಲಿ ನೀರಿನ ಬಾಟಲಿ ಆಯುತ್ತಿದ್ದರೆ ಫೋಟೋ ತೆಗೀಬೇಡಿ. ಮಕ್ಕಳ ಸಹಾಯವಾಣಿ 1098ಕ್ಕೆ ಫೋನ್ ಮಾಡಿ, ಪ್ಲಾಟ್‌ಫಾರ್ಮ್ ನಂಬರ್ ಹೇಳಿ, ಅವರು ಬರೋವರೆಗೂ ಅಲ್ಲೇ ಇರಿ.